ಅಲ್ಯೂಮಿನಿಯಂ ದೋಣಿಗೆ ಸೂಕ್ತ ಬಣ್ಣದ ಆಯ್ಕೆ

ದೋಣಿ ನಿರ್ಮಾಣದಲ್ಲಿ ಅಲ್ಯೂಮಿನಿಯಂ ಸ್ಥಾನ ಪಡೆಯಲು ಮುಖ್ಯ ಕಾರಣ ಅದರ ಹಗುರತನ. ಉಕ್ಕಿನ ಸಾಂದ್ರತೆ ಘನ ಸೆಂಟಿಮೀಟರಿಗೆ ಸುಮಾರು 7.85 ಗ್ರಾಂ ಇದ್ದರೆ ಅಲ್ಯೂಮಿನಿಯಂನದು ಸುಮಾರು 2.7 ಗ್ರಾಂ ಮಾತ್ರ. ಒಡಲು ಹಗುರವಾದಷ್ಟೂ ಸಣ್ಣ ಎಂಜಿನ್ ಸಾಕಾಗುತ್ತದೆ, ಇಂಧನದ ಖರ್ಚು ತಗ್ಗುತ್ತದೆ, ದೋಣಿಯನ್ನು ದಡಕ್ಕೆ ಎಳೆಯುವುದೂ ಸುಲಭವಾಗುತ್ತದೆ. ಗಸ್ತು, ರಕ್ಷಣಾ ಕಾರ್ಯ, ಪ್ರವಾಸೋದ್ಯಮ ಮತ್ತು ಜಲಾಶಯಗಳ ನಿರ್ವಹಣೆಗೆ ಬಳಸುವ ಸಣ್ಣ ದೋಣಿಗಳಲ್ಲಿ ಈ ಲೋಹಕ್ಕೆ ಬೇಡಿಕೆ ಇರುವುದು ಇದೇ ಕಾರಣದಿಂದ.

ಆದರೆ ಕರ್ನಾಟಕದ ಕರಾವಳಿಯ ಬಂದರುಗಳಲ್ಲಿ ಮರ, ಉಕ್ಕು ಹಾಗೂ ಫೈಬರ್ ದೋಣಿಗಳದೇ ಪ್ರಾಬಲ್ಯ. ಆದುದರಿಂದ ಬಣ್ಣದ ಅಂಗಡಿಗಳ ದಾಸ್ತಾನು, ಬಣ್ಣ ಬಳಿಯುವವರ ಅನುಭವ ಎರಡೂ ಈ ಮೂರು ವಸ್ತುಗಳನ್ನೇ ಅವಲಂಬಿಸಿ ಬೆಳೆದಿವೆ. ಉಕ್ಕಿನ ದೋಣಿಯನ್ನು ವರ್ಷಗಟ್ಟಲೆ ಕಾಪಾಡುವ ಬಣ್ಣವೇ ಅಲ್ಯೂಮಿನಿಯಂ ದೋಣಿಯ ತಳವನ್ನು ತೂತು ಮಾಡಬಲ್ಲದು ಎಂಬ ಸಂಗತಿ ಅನೇಕರಿಗೆ ತಿಳಿಯುವುದು ಹಾನಿಯಾದ ಮೇಲೆಯೇ. ಮೂರು ನಾಲ್ಕು ಮಿಲಿಮೀಟರ್ ದಪ್ಪದ ತಗಡಿನ ಮೇಲೆ ನಿಂತ ವ್ಯವಹಾರದಲ್ಲಿ ಈ ಅಜ್ಞಾನದ ಬೆಲೆ ದೊಡ್ಡದು.

ಲೋಹದ ಸ್ವಭಾವ

ಅಲ್ಯೂಮಿನಿಯಂ ಗಾಳಿಗೆ ತೆರೆದುಕೊಂಡ ಕ್ಷಣದಲ್ಲೇ ಅದರ ಮೇಲೆ ಆಕ್ಸೈಡಿನ ಅತಿ ತೆಳುವಾದ ಪದರ ಮೂಡುತ್ತದೆ. ಉಕ್ಕಿನ ತುಕ್ಕು ಉದುರಿ ಒಳಗಿನ ಲೋಹವನ್ನು ಮತ್ತೆ ತೆರೆದಿಡುತ್ತದೆ. ಅಲ್ಯೂಮಿನಿಯಂನ ಆಕ್ಸೈಡ್ ಪದರ ಗಟ್ಟಿಯಾಗಿ ಅಂಟಿಕೊಂಡು ಒಳಗಿನ ಲೋಹವನ್ನು ರಕ್ಷಿಸುತ್ತದೆ. ಗೀರು ಬಿದ್ದರೆ ಪದರ ತಾನಾಗಿಯೇ ಮತ್ತೆ ಮೂಡುತ್ತದೆ. ಸುಮಾರು 4ರಿಂದ 8.5ರವರೆಗಿನ ಪಿಎಚ್ ಮಿತಿಯಲ್ಲಿ ಈ ಪದರ ಸ್ಥಿರವಾಗಿರುತ್ತದೆ. ಸಮುದ್ರದ ನೀರಿನ ಪಿಎಚ್ ಸುಮಾರು 8.1 ಆಗಿರುವುದರಿಂದ ಅದು ಈ ಮಿತಿಯೊಳಗೇ ಇದೆ. ಕಾಸ್ಟಿಕ್ ಸೋಡಾ, ಸಿಮೆಂಟಿನ ನೀರು ಮುಂತಾದ ತೀವ್ರ ಕ್ಷಾರಗಳು ಪದರವನ್ನು ಕರಗಿಸುತ್ತವೆ.

ಎಲ್ಲ ಅಲ್ಯೂಮಿನಿಯಂ ಒಂದೇ ಅಲ್ಲವೆಂಬುದನ್ನೂ ಗಮನಿಸಬೇಕು. ದೋಣಿಯ ಒಡಲಿಗೆ 5083, 5086, 5052 ಮೊದಲಾದ ಮೆಗ್ನೀಸಿಯಂ ಮಿಶ್ರಲೋಹಗಳು ಯೋಗ್ಯ. ಚೌಕಟ್ಟು, ಕಂಬಿಗಳಿಗೆ 6061ರಂತಹ ಮಿಶ್ರಲೋಹ ಬಳಕೆಯಲ್ಲಿದೆ. ತಾಮ್ರ ಹೆಚ್ಚಾಗಿರುವ 2000 ಸರಣಿಯ ಮಿಶ್ರಲೋಹಗಳು ಉಪ್ಪುನೀರಿಗೆ ತಕ್ಕವಲ್ಲ; ಅವನ್ನು ಬಳಸಿ ಬಣ್ಣದಿಂದ ಕಾಪಾಡಿಕೊಳ್ಳುತ್ತೇವೆ ಎಂಬ ಲೆಕ್ಕಾಚಾರ ಸರಿಯಲ್ಲ.

ಎಲ್ಲ ದೋಣಿಗೂ ಬಣ್ಣ ಬೇಕೆ?

ಬೇಕಿಲ್ಲ. ಯೋಗ್ಯ ಮಿಶ್ರಲೋಹದಿಂದ ತಯಾರಾದ ದೋಣಿ ಬಣ್ಣವಿಲ್ಲದೆಯೇ ದೀರ್ಘಕಾಲ ಬಾಳುತ್ತದೆ. ಅನೇಕ ದೇಶಗಳಲ್ಲಿ ದುಡಿಮೆಯ ದೋಣಿಗಳ ಮೇಲ್ಭಾಗವನ್ನು ಬರಿದಾಗಿಯೇ ಬಿಡುತ್ತಾರೆ. ಕೆಟ್ಟ ಬಣ್ಣಕ್ಕಿಂತ ಬಣ್ಣವಿಲ್ಲದಿರುವುದೇ ಲೇಸು. ಏಕೆಂದರೆ ಸರಿಯಾಗಿ ಅಂಟದ ಬಣ್ಣದ ಕೆಳಗೆ ಉಪ್ಪುನೀರು ನಿಂತು ಬಿಳಿ ಪುಡಿಯೂ ಗುಳ್ಳೆಯೂ ಏಳುತ್ತವೆ.

ಬಣ್ಣ ಅಗತ್ಯವಾಗುವ ಸಂದರ್ಭಗಳು ಹೀಗಿವೆ: ದೋಣಿ ಸದಾ ಉಪ್ಪುನೀರಿನಲ್ಲೇ ನಿಂತಿದ್ದು ತಳಕ್ಕೆ ಪಾಚಿ ಹಾಗೂ ಚಿಪ್ಪುಜೀವಿಗಳು ಅಂಟಿಕೊಳ್ಳುವಾಗ, ಬೇರೆ ಲೋಹದ ಭಾಗಗಳು ಒಡಲಿಗೆ ತಾಗುವ ಕಡೆ, ಇಲಾಖೆಯ ಅಥವಾ ಸಂಸ್ಥೆಯ ಗುರುತಿನ ಬಣ್ಣ ಬೇಕಾದಾಗ, ಬಿಸಿಲಿನ ಪ್ರತಿಫಲನವನ್ನು ತಗ್ಗಿಸಬೇಕಾದಾಗ. ಪ್ರತಿದಿನ ನೀರಿನಿಂದ ಮೇಲೆತ್ತಿಡುವ ದೋಣಿಗಾಗಲಿ, ಸಿಹಿನೀರಿನ ಕೆರೆಯಲ್ಲಿ ಓಡುವ ದೋಣಿಗಾಗಲಿ ಪಾಚಿ ನಿರೋಧಕ ಬಣ್ಣ ಸಾಮಾನ್ಯವಾಗಿ ಅನಗತ್ಯ. ಕುಡಿಯುವ ನೀರಿನ ಜಲಾಶಯಗಳಲ್ಲಂತೂ ವಿಷಕಾರಕವುಳ್ಳ ಬಣ್ಣವನ್ನು ದೂರವಿಡುವುದೇ ಸರಿ.

ಬಳಸಬಾರದ ಬಣ್ಣಗಳು

ಎರಡು ಭಿನ್ನ ಲೋಹಗಳು ಉಪ್ಪುನೀರಿನಲ್ಲಿ ಪರಸ್ಪರ ಸಂಪರ್ಕ ಹೊಂದಿದಾಗ ಬ್ಯಾಟರಿಯಂತಹ ಕ್ರಿಯೆ ನಡೆದು, ಹೆಚ್ಚು ಚುರುಕಾದ ಲೋಹ ಸವೆಯುತ್ತದೆ. ಇದಕ್ಕೆ ಗ್ಯಾಲ್ವನಿಕ್ ಸವೆತ ಎಂದು ಹೆಸರು. ಸತು ಮತ್ತು ಮೆಗ್ನೀಸಿಯಂಗಳನ್ನು ಬಿಟ್ಟರೆ ದೋಣಿಯಲ್ಲಿ ಬಳಕೆಯಾಗುವ ಲೋಹಗಳಲ್ಲಿ ಅಲ್ಯೂಮಿನಿಯಂ ಅತ್ಯಂತ ಚುರುಕಾದುದು. ಉಕ್ಕು, ಸೀಸ, ತಾಮ್ರ, ಹಿತ್ತಾಳೆ, ಸ್ಟೇನ್‌ಲೆಸ್ ಸ್ಟೀಲ್ ಇವುಗಳಲ್ಲಿ ಯಾವುದು ಸೇರಿದರೂ ನಷ್ಟ ಅನುಭವಿಸುವುದು ಅಲ್ಯೂಮಿನಿಯಂ.

ಈ ಕಾರಣದಿಂದ ಮೊದಲು ಕೈಬಿಡಬೇಕಾದುದು ಕ್ಯುಪ್ರಸ್ ಆಕ್ಸೈಡ್, ಅಂದರೆ ತಾಮ್ರದ ಆಕ್ಸೈಡ್ ಉಳ್ಳ ಪಾಚಿ ನಿರೋಧಕ ಬಣ್ಣ. ಮರ, ಫೈಬರ್ ಮತ್ತು ಉಕ್ಕಿನ ದೋಣಿಗಳ ತಳಕ್ಕೆ ಅತಿ ಹೆಚ್ಚು ಮಾರಾಟವಾಗುವುದು ಇದೇ. ಬಣ್ಣದಿಂದ ಕರಗಿ ಬರುವ ತಾಮ್ರದ ಅಯಾನುಗಳು ಗೀರು ಬಿದ್ದು ತೆರೆದ ಅಲ್ಯೂಮಿನಿಯಂ ಮೇಲೆ ಲೋಹದ ತಾಮ್ರವಾಗಿ ಕೂರುತ್ತವೆ. ಅಲ್ಲಿ ಸೂಕ್ಷ್ಮ ಬ್ಯಾಟರಿ ಉಂಟಾಗಿ ಕಿರಿದಾದ, ಆಳವಾದ ಕುಳಿ ಕೊರೆಯುತ್ತದೆ. ಹೊರಗಿನಿಂದ ಚುಕ್ಕೆಯಷ್ಟೇ ಕಂಡರೂ ಒಳಗೆ ತಗಡು ತೂತಾಗಿರಬಹುದು.

ಎರಡನೆಯದು ಸೀಸದ ಕೆಂಪು ಪ್ರೈಮರ್. ಇದರಲ್ಲಿರುವ ಸೀಸವೂ ಅಲ್ಯೂಮಿನಿಯಂಗೆ ವಿರೋಧಿ. ಉಕ್ಕಿಗೆಂದೇ ಮಾರಾಟವಾಗುವ ಸಾದಾ ರೆಡ್ ಆಕ್ಸೈಡ್ ಪ್ರೈಮರ್ ಅಲ್ಯೂಮಿನಿಯಂ ಮೇಲೆ ಬಾಳಿಕೆಯ ಹಿಡಿತ ಕೊಡುವುದಿಲ್ಲ. ಪಾದರಸ ಸೇರಿದ ಯಾವುದೇ ಪದಾರ್ಥವೂ ವರ್ಜ್ಯ. ಪಾದರಸ ಆಕ್ಸೈಡ್ ಪದರವನ್ನು ಕೆಡಿಸಿ ಲೋಹವನ್ನೇ ತಿಂದುಹಾಕುತ್ತದೆ.

ಮೂರನೆಯದು ಹೆಸರಿನಿಂದ ಹುಟ್ಟುವ ಗೊಂದಲ. ಅಂಗಡಿಗಳಲ್ಲಿ 'ಅಲ್ಯೂಮಿನಿಯಂ ಪೇಂಟ್' ಅಥವಾ 'ಸಿಲ್ವರ್ ಪೇಂಟ್' ಎಂದು ಸಿಗುವುದು ಅಲ್ಯೂಮಿನಿಯಂ ಪುಡಿ ಬೆರೆಸಿದ ಬಣ್ಣವೇ ಹೊರತು ಅಲ್ಯೂಮಿನಿಯಂ ಲೋಹಕ್ಕಾಗಿ ತಯಾರಿಸಿದ ಬಣ್ಣವಲ್ಲ. ಗೇಟು, ಪೈಪುಗಳಿಗೆ ಬಳಸುವ ಆ ಡಬ್ಬಿಯನ್ನು ದೋಣಿಯ ತಳಕ್ಕೆ ಕೊಡುವುದು ಗ್ರಾಹಕನನ್ನು ದಾರಿ ತಪ್ಪಿಸಿದಂತೆ.

ಮೇಲ್ಮೈ ಸಿದ್ಧತೆ

ಅಲ್ಯೂಮಿನಿಯಂ ಮೇಲೆ ಬಣ್ಣ ಕಿತ್ತುಬರುವುದಕ್ಕೆ ಬಹುಪಾಲು ಕಾರಣ ಬಣ್ಣದ ದೋಷವಲ್ಲ, ಮೇಲ್ಮೈ ಸಿದ್ಧತೆಯ ದೋಷ. ಲೋಹವನ್ನು ರಕ್ಷಿಸುವ ಅದೇ ನುಣುಪಾದ ಆಕ್ಸೈಡ್ ಪದರ ಬಣ್ಣಕ್ಕೆ ಹಿಡಿತ ಕೊಡದು.

ಕ್ರಮದಲ್ಲಿ ಮೊದಲನೆಯದು ಜಿಡ್ಡು ತೆಗೆಯುವುದು. ಉಜ್ಜಿದ ಮೇಲೆ ಜಿಡ್ಡು ತೆಗೆಯಲು ಹೊರಟರೆ ಅದಾಗಲೇ ಗೀರುಗಳೊಳಗೆ ಸೇರಿಕೊಂಡಿರುತ್ತದೆ. ಅನಂತರ ಸಿಹಿನೀರಿನಿಂದ ಉಪ್ಪನ್ನು ತೊಳೆದು, ಒಣಗಿಸಿ, 80ರಿಂದ 120 ಸಂಖ್ಯೆಯ ಅಲ್ಯೂಮಿನಿಯಂ ಆಕ್ಸೈಡ್ ಸ್ಯಾಂಡ್ ಪೇಪರಿನಿಂದ ಮೇಲ್ಮೈ ಮಂಕಾಗುವವರೆಗೆ ಉಜ್ಜಬೇಕು. ಬ್ಲಾಸ್ಟಿಂಗ್ ಮಾಡುವುದಾದರೆ ಗಾರ್ನೆಟ್ ಅಥವಾ ಅಲ್ಯೂಮಿನಿಯಂ ಆಕ್ಸೈಡ್ ಹರಳನ್ನು ಕಡಿಮೆ ಒತ್ತಡದಲ್ಲಿ ಬಳಸಬೇಕು. ಉಕ್ಕಿನ ಹರಳು, ತಾಮ್ರದ ಕಿಟ್ಟ, ಸಾದಾ ಕಬ್ಬಿಣದ ತಂತಿಬ್ರಷ್ ಇವು ತಮ್ಮ ಕಣಗಳನ್ನು ಮೆದುವಾದ ಅಲ್ಯೂಮಿನಿಯಂ ಒಳಗೆ ಹೂತುಬಿಟ್ಟು ಮುಂದಿನ ಸವೆತಕ್ಕೆ ಬೀಜ ಬಿತ್ತುತ್ತವೆ. ಉಕ್ಕಿಗೆ ಬಳಸಿದ ಗ್ರೈಂಡರ್ ಬಿಲ್ಲೆಯನ್ನೂ ಇಲ್ಲಿ ಬಳಸಬಾರದು.

ಉಜ್ಜಿದ ಕ್ಷಣದಿಂದಲೇ ಆಕ್ಸೈಡ್ ಮತ್ತೆ ಬೆಳೆಯತೊಡಗುವುದರಿಂದ ಕೆಲವೇ ಗಂಟೆಗಳಲ್ಲಿ ಮೊದಲ ಲೇಪ ಬೀಳಬೇಕು. ಇಡೀ ದೋಣಿಯನ್ನು ಇಂದು ಉಜ್ಜಿ ನಾಳೆ ಬಣ್ಣ ಬಳಿಯುವುದಕ್ಕಿಂತ, ಅಂದಂದು ಬಳಿಯಬಲ್ಲಷ್ಟು ಭಾಗವನ್ನೇ ಉಜ್ಜುವುದು ಕ್ಷೇಮ.

ಹವಾಮಾನದ ವಿಷಯವೂ ಮುಖ್ಯ. ಸಾಪೇಕ್ಷ ಆರ್ದ್ರತೆ 85 ಶೇಕಡಾಕ್ಕಿಂತ ಕಡಿಮೆ ಇರಬೇಕು. ಲೋಹದ ಉಷ್ಣತೆ ಇಬ್ಬನಿ ಬಿಂದುವಿಗಿಂತ ಕನಿಷ್ಠ 3 ಡಿಗ್ರಿ ಸೆಲ್ಸಿಯಸ್ ಹೆಚ್ಚಿರಬೇಕು ಎಂಬುದು ಬಣ್ಣ ತಯಾರಕರ ಸಾಮಾನ್ಯ ಸೂಚನೆ. ಕರಾವಳಿಯಲ್ಲಿ ಯಾಂತ್ರೀಕೃತ ಮೀನುಗಾರಿಕೆಗೆ ಜೂನ್ 1ರಿಂದ ಜುಲೈ 31ರವರೆಗೆ ನಿಷೇಧವಿರುವುದರಿಂದ ದೋಣಿಗಳ ದುರಸ್ತಿ ಮಳೆಗಾಲದಲ್ಲೇ ನಡೆಯುವುದು ರೂಢಿ. ಅಲ್ಯೂಮಿನಿಯಂ ದೋಣಿಯ ಬಣ್ಣದ ಕೆಲಸವನ್ನು ಆ ಅವಧಿಗೆ ಸೇರಿಸದೆ ಒಣ ತಿಂಗಳುಗಳಲ್ಲಿ ಮುಗಿಸುವುದು ಅಥವಾ ಮುಚ್ಚಿದ, ತೇವ ನಿಯಂತ್ರಿತ ಶೆಡ್ಡಿನಲ್ಲಿ ಮಾಡುವುದು ಉತ್ತಮ.

ಪ್ರೈಮರಿನ ಆಯ್ಕೆ

ಅಲ್ಯೂಮಿನಿಯಂಗೆ ಮೂರು ಬಗೆಯ ಪ್ರೈಮರ್‌ಗಳು ಪ್ರಚಲಿತವಾಗಿವೆ. ಹಳದಿ ಬಣ್ಣದ ಜಿಂಕ್ ಕ್ರೋಮೇಟ್ ಪ್ರೈಮರ್ ಬಹುಕಾಲದಿಂದ ಬಳಕೆಯಲ್ಲಿದ್ದು ಜಲರೇಖೆಯ ಮೇಲಿನ ಭಾಗಕ್ಕೆ ಒಪ್ಪುತ್ತದೆ. ಆದರೆ ಅದರಲ್ಲಿರುವ ಷಡ್ವೇಲೆನ್ಸಿಯ ಕ್ರೋಮಿಯಂ ಕ್ಯಾನ್ಸರ್‌ಕಾರಕ. ಉಜ್ಜುವಾಗ ಏಳುವ ಧೂಳು ಕಾರ್ಮಿಕರಿಗೆ ಅಪಾಯಕರ. ಫಾಸ್ಫಾರಿಕ್ ಆಮ್ಲವುಳ್ಳ ಎಚ್ ಪ್ರೈಮರ್ ಲೋಹವನ್ನು ಅಲ್ಪ ಪ್ರಮಾಣದಲ್ಲಿ ಕೊರೆದು ಹಿಡಿತ ಕೊಡುತ್ತದೆ. ಅದನ್ನು ಅತಿ ತೆಳುವಾಗಿಯೇ ಬಳಿಯಬೇಕು. ದಪ್ಪವಾದರೆ ಅದೇ ದುರ್ಬಲ ಪದರವಾಗುತ್ತದೆ. ಅದರ ಆಮ್ಲ ಕೆಲವು ಎಪಾಕ್ಸಿಗಳು ಗಟ್ಟಿಯಾಗುವುದಕ್ಕೆ ಅಡ್ಡಿಪಡಿಸುವುದರಿಂದ, ತಯಾರಕರ ಮಾಹಿತಿ ಪತ್ರದಲ್ಲಿ ಅನುಮತಿ ಇಲ್ಲದೆ ಅದರ ಮೇಲೆ ಎಪಾಕ್ಸಿ ಬಳಿಯಬಾರದು.

ನೀರಿನೊಳಗಿನ ಭಾಗಕ್ಕೆ ಎಲ್ಲಕ್ಕಿಂತ ವಿಶ್ವಾಸಾರ್ಹವಾದುದು ಅಲ್ಯೂಮಿನಿಯಂಗೆ ಅನುಮೋದಿತವಾದ ಎರಡು ಡಬ್ಬಿಯ ಎಪಾಕ್ಸಿ ಪ್ರೈಮರ್. ಪಾಚಿ ನಿರೋಧಕ ಬಣ್ಣ ಬಳಿಯುವ ಮುನ್ನ ಎಪಾಕ್ಸಿಯ ಒಟ್ಟು ಒಣ ದಪ್ಪ ಸಾಮಾನ್ಯವಾಗಿ 250ರಿಂದ 300 ಮೈಕ್ರಾನ್‌ವರೆಗೆ ಇರುವಂತೆ ನೋಡಿಕೊಳ್ಳಬೇಕು. ಈ ಪದರವೇ ಲೋಹಕ್ಕೂ ಸಮುದ್ರಕ್ಕೂ ನಡುವಿನ ಗೋಡೆ. ಬೆಸುಗೆಯ ಗೆರೆ, ಚೂಪಾದ ಅಂಚುಗಳ ಮೇಲೆ ಬಣ್ಣ ತೆಳುವಾಗಿ ನಿಲ್ಲುವುದರಿಂದ ಅಲ್ಲಿ ಬ್ರಷ್ಷಿನಿಂದ ಒಂದು ಹೆಚ್ಚುವರಿ ಲೇಪ ಅವಶ್ಯ.

ಪಾಚಿ ನಿರೋಧಕ ಬಣ್ಣ

ತಾಮ್ರದ ಆಕ್ಸೈಡಿಗೆ ಪರ್ಯಾಯಗಳು ಇವೆ. ಜಿಂಕ್ ಪೈರಿಥಿಯೋನ್, ಟ್ರಾಲೊಪೈರಿಲ್ ಮುಂತಾದ ತಾಮ್ರರಹಿತ ವಿಷಕಾರಕಗಳುಳ್ಳ ಬಣ್ಣಗಳು ಒಂದು ವರ್ಗ. ಕ್ಯುಪ್ರಸ್ ಥಯೋಸಯನೇಟ್ ಉಳ್ಳವು ಇನ್ನೊಂದು ವರ್ಗ. ಇದೂ ತಾಮ್ರದ ಸಂಯುಕ್ತವೇ ಆದರೂ ಪೂರ್ಣ ದಪ್ಪದ ಎಪಾಕ್ಸಿ ತಡೆಯಿದ್ದಲ್ಲಿ ಕೆಲವು ತಯಾರಕರು ಅಲ್ಯೂಮಿನಿಯಂಗೆ ಇದನ್ನು ಅನುಮತಿಸುತ್ತಾರೆ. ಮೂರನೆಯದು ಸಿಲಿಕೋನ್ ಆಧಾರಿತ ಜಾರು ಲೇಪ. ಇದು ಜೀವಿಗಳನ್ನು ಕೊಲ್ಲುವುದಿಲ್ಲ, ಬಿಗಿಯಾಗಿ ಅಂಟಲು ಬಿಡುವುದಿಲ್ಲ. ದೋಣಿ ವೇಗವಾಗಿ ಓಡಿದಾಗ ಅಂಟಿದ್ದು ಕಳಚಿಹೋಗುತ್ತದೆ. ಹೆಚ್ಚು ಕಾಲ ನಿಂತೇ ಇರುವ ದೋಣಿಗೆ ಇದರಿಂದ ಪ್ರಯೋಜನ ಕಡಿಮೆ.

ಒಂದು ಕಾಲದಲ್ಲಿ ಅಲ್ಯೂಮಿನಿಯಂ ದೋಣಿಗಳಿಗೆ ಟ್ರೈಬ್ಯುಟೈಲ್ ಟಿನ್ ಉಳ್ಳ ಬಣ್ಣ ಮೆಚ್ಚಿನದಾಗಿತ್ತು. ಸಮುದ್ರಜೀವಿಗಳಿಗೆ ಅದು ಮಾಡಿದ ಹಾನಿಯಿಂದಾಗಿ 2001ರಲ್ಲಿ ಅಂತರರಾಷ್ಟ್ರೀಯ ಕಡಲ ಸಂಸ್ಥೆಯಲ್ಲಿ ನಿಷೇಧದ ಒಪ್ಪಂದ ಅಂಗೀಕಾರವಾಗಿ 2008ರ ಸೆಪ್ಟೆಂಬರ್ 17ರಂದು ಜಾರಿಗೆ ಬಂದಿತು. 2023ರ ಜನವರಿ 1ರಿಂದ ಸೈಬ್ಯುಟ್ರಿನ್ ಎಂಬ ಇನ್ನೊಂದು ವಿಷಕಾರಕವನ್ನೂ ಅದೇ ಒಪ್ಪಂದದಡಿ ನಿರ್ಬಂಧಿಸಲಾಗಿದೆ. ಹಳೆಯ ದಾಸ್ತಾನು ಹೊಂದಿರುವವರು ಡಬ್ಬಿಯ ಮೇಲಿನ ವಿವರವನ್ನು ಪರಿಶೀಲಿಸುವುದು ಅಗತ್ಯ.

ಜಲರೇಖೆಯ ಮೇಲಿನ ಭಾಗ

ಇಲ್ಲಿ ಬಿಸಿಲೇ ದೊಡ್ಡ ಶತ್ರು. ಎಪಾಕ್ಸಿ ಬಿಸಿಲಿಗೆ ಸುಣ್ಣದಂತೆ ಪುಡಿಯಾಗುವುದರಿಂದ ಅದರ ಮೇಲೆ ಎರಡು ಡಬ್ಬಿಯ ಪಾಲಿಯುರಿಥೇನ್ ಬಣ್ಣ ಬಳಿಯುವುದು ವಾಡಿಕೆ. ತಿಳಿಬಣ್ಣಗಳು ಒಡಲನ್ನು ತಂಪಾಗಿಡುತ್ತವೆ. ಗಾಢ ಬಣ್ಣದ ಅಲ್ಯೂಮಿನಿಯಂ ಬಿಸಿಲಿನಲ್ಲಿ ಕೈ ಇಡಲಾಗದಷ್ಟು ಕಾಯುತ್ತದೆ. ಪಾಲಿಯುರಿಥೇನಿನ ಗಟ್ಟಿಕಾರಕದಲ್ಲಿ ಐಸೊಸಯನೇಟ್ ಇರುವುದರಿಂದ ಸ್ಪ್ರೇ ಮಾಡುವವರಿಗೆ ತಕ್ಕ ಉಸಿರಾಟ ಕವಚ ಕಡ್ಡಾಯವಾಗಿ ಒದಗಿಸಬೇಕು. ಮೂಗಿಗೆ ಬಟ್ಟೆ ಕಟ್ಟಿಕೊಂಡರೆ ಸಾಲದು.

ಪರಿಮಾಣದ ಲೆಕ್ಕ

ಬಣ್ಣದ ಬೆಲೆಯನ್ನು ಲೀಟರಿನಿಂದ ಅಳೆಯದೆ ಒಣ ಪದರದಿಂದ ಅಳೆಯಬೇಕು. ಮಾಹಿತಿ ಪತ್ರದಲ್ಲಿ ಘನಾಂಶದ ಶೇಕಡಾ ಪ್ರಮಾಣ ನಮೂದಾಗಿರುತ್ತದೆ. ಅದನ್ನು 10ರಿಂದ ಗುಣಿಸಿ, ಬೇಕಾದ ಮೈಕ್ರಾನ್‌ನಿಂದ ಭಾಗಿಸಿದರೆ ಒಂದು ಲೀಟರಿಗೆ ಎಷ್ಟು ಚದರ ಮೀಟರ್ ಎಂಬುದು ದೊರೆಯುತ್ತದೆ. ಘನಾಂಶ 50 ಶೇಕಡಾ, ದಪ್ಪ 100 ಮೈಕ್ರಾನ್ ಆದರೆ ಲೀಟರಿಗೆ 5 ಚದರ ಮೀಟರ್. ತಳದ ವಿಸ್ತೀರ್ಣ 10 ಚದರ ಮೀಟರ್ ಇದ್ದು ಮೂರು ಲೇಪ ಬೇಕಾದರೆ ಲೆಕ್ಕಕ್ಕೆ 6 ಲೀಟರ್. ಶೇಕಡಾ 30 ವ್ಯರ್ಥವಾಗುವುದೆಂದು ಹಿಡಿದರೆ ಸುಮಾರು 8.6 ಲೀಟರ್ ಕೊಳ್ಳಬೇಕು. ಅಗ್ಗದ ಬಣ್ಣದಲ್ಲಿ ಘನಾಂಶ 35 ಶೇಕಡಾ ಮಾತ್ರ ಇದ್ದರೆ ಅದೇ ಕೆಲಸಕ್ಕೆ ಸುಮಾರು 12.2 ಲೀಟರ್ ಬೇಕಾಗುತ್ತದೆ. ಉಳಿತಾಯವೆಂದು ತೋರಿದ್ದು ಹೀಗೆ ಕರಗಿಹೋಗುತ್ತದೆ.

ಬಣ್ಣದಿಂದಾಗದ ಕೆಲಸ

ಬಣ್ಣ ಎಷ್ಟೇ ಉತ್ತಮವಾದರೂ ಗೀರು ತಪ್ಪಿದ್ದಲ್ಲ. ಆದ್ದರಿಂದ ನೀರಿನೊಳಗಿನ ಭಾಗಕ್ಕೆ ಬಲಿ ಆನೋಡ್‌ಗಳನ್ನು ಅಳವಡಿಸುತ್ತಾರೆ. ಇವು ತಾವೇ ಸವೆದು ಒಡಲನ್ನು ಉಳಿಸುತ್ತವೆ. ಇವುಗಳ ಮೇಲೆ ಬಣ್ಣ ಬಳಿದರೆ ಅವು ನಿಷ್ಪ್ರಯೋಜಕ. ಉಪ್ಪುನೀರಿಗೆ ಸತು ಅಥವಾ ಆನೋಡಿಗೆಂದೇ ತಯಾರಿಸಿದ ಅಲ್ಯೂಮಿನಿಯಂ ಮಿಶ್ರಲೋಹ ಯೋಗ್ಯ. ಮೆಗ್ನೀಸಿಯಂ ಆನೋಡ್ ಸಿಹಿನೀರಿಗಷ್ಟೇ. ಸಮುದ್ರದಲ್ಲಿ ಅದರ ಅತಿಯಾದ ಕ್ರಿಯೆಯಿಂದ ಕ್ಷಾರ ಉಂಟಾಗಿ ಬಣ್ಣವೂ ಲೋಹವೂ ಕೆಡುತ್ತವೆ. ಸ್ಟೇನ್‌ಲೆಸ್ ಬೋಲ್ಟುಗಳ ಕೆಳಗೆ ನೈಲಾನ್ ವಾಷರ್ ಮತ್ತು ಸೀಲಂಟ್ ಹಾಕಬೇಕು. ತಾಮ್ರದ ಲವಣದಿಂದ ಸಂಸ್ಕರಿಸಿದ ಪ್ಲೈವುಡ್ಡನ್ನು ನೆಲಹಾಸಾಗಿ ಬಳಸಿದರೆ ಒಳಗಿನಿಂದಲೇ ಸವೆತ ಆರಂಭವಾಗುತ್ತದೆ.

ವ್ಯಾಪಾರಿಯ ಹೊಣೆ

2019ರ ಗ್ರಾಹಕ ಸಂರಕ್ಷಣಾ ಕಾಯ್ದೆ 2020ರ ಜುಲೈನಲ್ಲಿ ಜಾರಿಗೆ ಬಂದ ಮೇಲೆ ಉತ್ಪನ್ನ ಹೊಣೆಗಾರಿಕೆ ತಯಾರಕರಿಗಷ್ಟೇ ಸೀಮಿತವಾಗಿಲ್ಲ. ತಯಾರಕರು ಕೊಡದ ಭರವಸೆಯನ್ನು ಮಾರಾಟಗಾರ ತಾನಾಗಿ ಕೊಟ್ಟು, ಸರಕು ಅದಕ್ಕೆ ತಕ್ಕಂತೆ ಇಲ್ಲದೆ ಹಾನಿ ಸಂಭವಿಸಿದರೆ ಆತನೂ ಹೊಣೆಯಾಗಬಹುದು. ಸ್ವಯಂ ಉದ್ಯೋಗದಿಂದ ಜೀವನೋಪಾಯಕ್ಕಾಗಿಯೇ ಸರಕು ಕೊಂಡು ತಾನೇ ಬಳಸುವವನೂ ಕಾಯ್ದೆಯ ದೃಷ್ಟಿಯಲ್ಲಿ ಗ್ರಾಹಕನೇ. ಸ್ವಂತ ದೋಣಿ ನಡೆಸುವವರು ಇದರಲ್ಲಿ ಸೇರಬಹುದು. 'ಯಾವ ಲೋಹಕ್ಕಾದರೂ ಆದೀತು' ಎಂಬ ಬಾಯಿಮಾತು ದುಬಾರಿಯಾಗುವ ಸಾಧ್ಯತೆ ಇದೆ.

ಆದುದರಿಂದ ಡಬ್ಬಿ ಕೊಡುವ ಮುನ್ನ ವ್ಯಾಪಾರಿ ನಾಲ್ಕು ಪ್ರಶ್ನೆ ಕೇಳುವುದು ಒಳಿತು: ದೋಣಿ ಯಾವ ಲೋಹದ್ದು? ಉಪ್ಪುನೀರಿನಲ್ಲೋ ಸಿಹಿನೀರಿನಲ್ಲೋ? ಸದಾ ನೀರಿನಲ್ಲಿರುತ್ತದೆಯೋ ಮೇಲೆತ್ತಿಡುತ್ತಾರೆಯೋ? ಮೇಲೆ ಈಗಾಗಲೇ ಯಾವ ಬಣ್ಣವಿದೆ? ಕೊನೆಯ ಪ್ರಶ್ನೆಗೆ ಉತ್ತರ ತಿಳಿಯದಿದ್ದರೆ ಹಳೆಯ ಪಾಚಿ ನಿರೋಧಕ ಬಣ್ಣವನ್ನು ನೀರು ಹಾಕಿ ಉಜ್ಜಿ ಪೂರ್ತಿ ತೆಗೆಸುವುದೇ ಸರಿ. ಒಣಗಿದ್ದಾಗ ಉಜ್ಜಿದರೆ ಅದರ ವಿಷಧೂಳು ಶ್ವಾಸಕೋಶ ಸೇರುತ್ತದೆ. ಪ್ರೈಮರ್, ಗಟ್ಟಿಕಾರಕ, ತಿನ್ನರ್, ಮೇಲ್ಬಣ್ಣ ಎಲ್ಲವನ್ನೂ ಒಂದೇ ತಯಾರಕರ ಶ್ರೇಣಿಯಿಂದ ಕೊಟ್ಟು, ಮಾಹಿತಿ ಪತ್ರವನ್ನು ಬಿಲ್ಲಿನೊಂದಿಗೆ ಲಗತ್ತಿಸುವ ಪದ್ಧತಿ ರೂಢಿಯಾದರೆ ಮಾರುವವರಿಗೂ ಕೊಳ್ಳುವವರಿಗೂ ನಿಶ್ಚಿಂತೆ.