ಗುಬ್ಬಿ ಕಂಪನಿಯಿಂದ ಶಂಕರರವರೆಗೆ

ಬೆಳ್ಳಂದೂರಿನ ನಮ್ಮ ನೆರೆಮನೆಯ ವಿದ್ಯಾರ್ಥಿಯೊಬ್ಬ ಮೊನ್ನೆ ‘ಆದಿ ಶಂಕರಾಚಾರ್ಯ’ ಚಿತ್ರವನ್ನು ಮೊಬೈಲಿನಲ್ಲಿ ನೋಡಿ, “ಸಾರ್, ಇದನ್ನು ತೆಗೆದ ಅಯ್ಯರ್ ಯಾವ ಪಾಠಶಾಲೆಯ ಪಂಡಿತರು?” ಎಂದು ಕೇಳಿದ. “ಗುಬ್ಬಿ ಕಂಪನಿಯ ಪಾಠಶಾಲೆ” ಎಂದೆ. ಹುಡುಗ ನಕ್ಕ. ಆದರೆ ನಾನಾಡಿದುದು ಹಾಸ್ಯವಲ್ಲ.

ಜಿ. ವಿ. ಅಯ್ಯರ್ 1917ರಲ್ಲಿ ನಂಜನಗೂಡಿನಲ್ಲಿ ಜನಿಸಿದರು. ಎಳವೆಯಲ್ಲೇ ಗುಬ್ಬಿ ವೀರಣ್ಣನವರ ನಾಟಕ ಮಂಡಲಿಯನ್ನು ಸೇರಿದರು. ರಾಜಕುಮಾರ್ ನಾಯಕರಾಗಿ ಬೆಳಕಿಗೆ ಬಂದ 1954ರ ‘ಬೇಡರ ಕಣ್ಣಪ್ಪ’ದಲ್ಲಿ ಇವರೂ ನಟರು. ಮುಂದೆ ಸಂಭಾಷಣೆ, ಗೀತೆಗಳನ್ನು ಬರೆಯುವುದೂ ಇವರ ವೃತ್ತಿಯಾಯಿತು. ಚಿತ್ರೋದ್ಯಮ ಸೊರಗಿ ಕಲಾವಿದರಿಗೆ ಕೆಲಸವಿಲ್ಲದಾದಾಗ, ರಾಜಕುಮಾರ್, ಬಾಲಕೃಷ್ಣ, ನರಸಿಂಹರಾಜು ಇವರೊಡನೆ ಊರೂರು ತಿರುಗಿ ನಾಟಕವಾಡಿದರು. ಎಲ್ಲರೂ ಕೂಡಿ 1960ರಲ್ಲಿ ‘ರಣಧೀರ ಕಂಠೀರವ’ವನ್ನು ತೆರೆಗೆ ತಂದರು. ಅದರ ಮಾತುಗಳು ಅಯ್ಯರ್ ಅವರವು. 1962ರ ‘ಭೂದಾನ’ದಲ್ಲಿ ರಾಜಕುಮಾರ್, ಉದಯಕುಮಾರ್, ಕಲ್ಯಾಣಕುಮಾರ್ ಮೂವರನ್ನೂ ಒಂದೇ ಚಿತ್ರದಲ್ಲಿ ನಿರ್ದೇಶಿಸಿದರು. ‘ಪೋಸ್ಟ್ ಮಾಸ್ಟರ್’, ‘ಕಿಲಾಡಿ ರಂಗ’, ‘ಮೈಸೂರು ಟಾಂಗಾ’ ಅನಂತರದವು.

ಅನ್ನ ಕೊಡುವ ದಾರಿಯನ್ನು ಐವತ್ತು ದಾಟಿದ ಮೇಲೆ ಬಿಡುವವರು ವಿರಳ. ಅಯ್ಯರ್ ಬಿಟ್ಟರು. ಕಾರಂತ, ಕಾರ್ನಾಡರ ನಿರ್ದೇಶನದ ‘ವಂಶವೃಕ್ಷ’ಕ್ಕೆ ನಿರ್ಮಾಪಕರಾದರು. 1975ರಲ್ಲಿ ತ. ರಾ. ಸು. ಅವರ ಕಾದಂಬರಿಯಿಂದ ‘ಹಂಸಗೀತೆ’ಯನ್ನು ತೆಗೆದರು. 1983ರಲ್ಲಿ ಬಂದ ‘ಆದಿ ಶಂಕರಾಚಾರ್ಯ’ ಭಾರತದ ಮೊದಲ ಸಂಸ್ಕೃತ ಚಲನಚಿತ್ರ; ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ ಅದಕ್ಕೆ ಸಂದಿತು. ‘ಭಗವದ್ಗೀತೆ’ಗೂ ಮುಂದೆ ಅದೇ ಗೌರವ ದೊರೆಯಿತು. ಬರಿಗಾಲಿನಲ್ಲೇ ನಡೆಯುತ್ತಿದ್ದ ಈ ಮನುಷ್ಯನನ್ನು ಜನ ಋಷಿಯಂತೆ ಕಂಡರು. ಹಳೆಯ ನಟನನ್ನು ಮರೆತರು.

ಅಲ್ಲಿಯೇ ನಾವು ತಪ್ಪುತ್ತೇವೆ. ‘ಆದಿ ಶಂಕರಾಚಾರ್ಯ’ದಲ್ಲಿ ಮೃತ್ಯುವೂ ಪ್ರಜ್ಞಾನವೂ ಮನುಷ್ಯರೂಪ ತಾಳಿ ಶಂಕರರ ಜೊತೆಯಲ್ಲಿ ನಡೆಯುತ್ತವೆ. ತಂದೆಯನ್ನು ಕಳೆದುಕೊಂಡ ಬಾಲಕನಿಗೆ ಸಾವು ಸಂಗಾತಿಯಾಗುತ್ತದೆ. ವೇದಾಂತದ ಮಾತನ್ನು ಹೀಗೆ ಕಣ್ಣಿಗೆ ಕಾಣುವ ಪಾತ್ರವಾಗಿಸುವ ವಿದ್ಯೆ ಗ್ರಂಥದಿಂದ ಬರುವುದಿಲ್ಲ. ಹಿಂದಿನ ಸಾಲಿನಲ್ಲಿ ನೆಲದ ಮೇಲೆ ಕುಳಿತ ಪ್ರೇಕ್ಷಕನಿಗೂ ಕಥೆ ಮುಟ್ಟಬೇಕೆಂದು ಬಣ್ಣ ಹಚ್ಚಿದವನಿಗೆ ಅದು ಒಲಿಯುತ್ತದೆ. ಮೊದಲ ಬಾಳನ್ನು ಅಯ್ಯರ್ ತೊರೆಯಲಿಲ್ಲ. ಅದರ ಗಳಿಕೆಯನ್ನೇ ಎರಡನೆಯದಕ್ಕೆ ಸುರಿದರು.

2003ರ ಡಿಸೆಂಬರ್ 21ರಂದು ಅವರು ಮುಂಬಯಿಯಲ್ಲಿ ತೀರಿಕೊಂಡರು. ನೆರೆಮನೆಯ ಹುಡುಗನಿಗೆ ನಾನು ಹೇಳಿದ್ದಿಷ್ಟೆ: “ಶಂಕರರನ್ನು ನೋಡಿದೆಯಷ್ಟೆ? ಇನ್ನು ‘ರಣಧೀರ ಕಂಠೀರವ’ವನ್ನೂ ನೋಡು. ಎರಡರ ಹಿಂದೆಯೂ ಇರುವುದು ಒಂದೇ ಕೈ.”