ರೋಮನರ ದೇವತೆಗಳು: ಒಂದು ಪಟ್ಟಿಯ ಪರಿಶೀಲನೆ

ಪ್ರಾಚೀನ ರೋಮಿನ ಇತಿಹಾಸವನ್ನು ಬೋಧಿಸುವ ನಮ್ಮಲ್ಲಿ ಬಹುಮಂದಿ, ಧರ್ಮದ ಭಾಗಕ್ಕೆ ಬಂದೊಡನೆ ಕರಿಹಲಗೆಯ ಮೇಲೆ ಎರಡು ಸಾಲಿನ ಪಟ್ಟಿಯೊಂದನ್ನು ಬರೆಯುವುದು ರೂಢಿಯಾಗಿದೆ. ಒಂದು ಕಡೆ ಸ್ಯೂಸ್, ಹೀರಾ, ಅಥೀನಾ, ಏರಿಸ್, ಆಫ್ರೊಡೈಟಿ, ಹರ್ಮಿಸ್. ಅವರ ಎದುರಿಗೆ ಜೂಪಿಟರ್, ಜೂನೊ, ಮಿನರ್ವಾ, ಮಾರ್ಸ್, ವೀನಸ್, ಮರ್ಕ್ಯುರಿ. ಗ್ರೀಕರ ದೇವತೆಗಳನ್ನೇ ರೋಮನರು ಹೆಸರು ಬದಲಿಸಿ ಪೂಜಿಸಿದರೆಂಬ ಒಂದು ವಾಕ್ಯವನ್ನು ಸೇರಿಸಿ ಮುಂದಿನ ಪಾಠಕ್ಕೆ ಹೋಗುತ್ತೇವೆ. ನಾವೂ ಹಲವು ವರ್ಷ ಹೀಗೆಯೇ ಮಾಡಿದೆವು. ಒಮ್ಮೆ ವಿದ್ಯಾರ್ಥಿಯೊಬ್ಬನು ಜೇನಸ್ ಎಂಬ ದೇವನ ಎದುರಿಗೆ ಯಾರ ಹೆಸರನ್ನು ಬರೆದುಕೊಳ್ಳಬೇಕೆಂದು ಕೇಳಿದನು. ಬರೆದುಕೊಳ್ಳಲು ಗ್ರೀಕರಲ್ಲಿ ಯಾರೂ ಇಲ್ಲ. ಆದರೆ ರೋಮನರು ಯಾವ ಪ್ರಾರ್ಥನೆಯಲ್ಲಾದರೂ ಮೊದಲು ಕರೆಯುತ್ತಿದ್ದುದು ಈ ಜೇನಸನನ್ನೇ. ಪ್ರಾರ್ಥನೆಯಲ್ಲಿ ಮೊದಲನೆಯವನಾದವನಿಗೇ ಸ್ಥಳವಿಲ್ಲದ ಪಟ್ಟಿಯಲ್ಲಿ ಏನೋ ದೋಷವಿರಬೇಕೆಂಬ ಸಂದೇಹವು ನಮಗೆ ಆಗ ಹುಟ್ಟಿತು. ಆ ದೋಷದ ಸ್ವರೂಪವನ್ನು ವಿವರಿಸುವುದೇ ಪ್ರಕೃತ ಲೇಖನದ ಉದ್ದೇಶ.

ಹೆಸರಿಗೆ ಹೆಸರನ್ನು ಹೊಂದಿಸುವುದರಲ್ಲಿರುವ ಅಪಾಯವನ್ನು ತಿಳಿಯಲು ನಾವು ದೂರ ಹೋಗಬೇಕಾಗಿಲ್ಲ. ನಮ್ಮ ಪಂಚಾಂಗವೇ ಸಾಕು. ಮಂಗಳವಾರವು ರೋಮನರಿಗೆ ಮಾರ್ಸನ ದಿನ, ಬುಧವಾರವು ಮರ್ಕ್ಯುರಿಯ ದಿನ, ಗುರುವಾರವು ಜೂಪಿಟರನ ದಿನ, ಶುಕ್ರವಾರವು ವೀನಸಳ ದಿನ, ಶನಿವಾರವು ಸ್ಯಾಟರ್ನನ ದಿನ. ಗ್ರಹಗಳ ಹೆಸರಿನ ಈ ವಾರಕ್ರಮವು ಗ್ರೀಕ್-ರೋಮನ್ ಜ್ಯೋತಿಷದ ಸಂಪರ್ಕದಿಂದ ಭಾರತಕ್ಕೆ ಬಂದಿತು, ಕ್ರಿ. ಶ. 484ರ ಬುಧಗುಪ್ತನ ಏರಣ್ ಶಾಸನದಲ್ಲಿ ಗುರುವಾರದ ಉಲ್ಲೇಖವಿರುವುದು ಇತಿಹಾಸದ ವಿದ್ಯಾರ್ಥಿಗಳಿಗೆ ತಿಳಿದ ವಿಷಯ. ಗ್ರಹ ಒಂದೇ, ದಿನ ಒಂದೇ. ಆದರೆ ಬಲಿಚಕ್ರವರ್ತಿಯ ದಾನಕ್ಕೆ ಅಡ್ಡಬಂದು ಕಣ್ಣನ್ನು ಕಳೆದುಕೊಂಡ, ಅಸುರರ ಗುರುವಾದ ಶುಕ್ರಾಚಾರ್ಯರೂ ರೋಮನರ ಪ್ರೇಮದೇವತೆಯಾದ ವೀನಸಳೂ ಒಬ್ಬರೇ ಎಂದು ಯಾರಾದರೂ ಹೇಳಿದರೆ ನಾವು ನಕ್ಕುಬಿಡುತ್ತೇವೆ. ಜೂಪಿಟರ್ ಎಂಬ ಹೆಸರೂ ವೇದದ ದ್ಯೌಷ್ಪಿತೃ ಎಂಬ ಹೆಸರೂ ಒಂದೇ ಮೂಲದಿಂದ ಹುಟ್ಟಿದವೆಂಬುದು ಭಾಷಾಶಾಸ್ತ್ರಜ್ಞರಿಗೆ ನಿರ್ವಿವಾದ. ಆದರೂ ದ್ಯೌಷ್ಪಿತೃವಿಗೆ ವೇದದಲ್ಲಿ ಪ್ರತ್ಯೇಕವಾಗಿ ಒಂದು ಸೂಕ್ತವೂ ಇಲ್ಲ. ಜೂಪಿಟರನಾದರೋ ಒಂದು ಮಹಾರಾಜ್ಯದ ಅಧಿದೇವತೆ. ಹೆಸರಿನ ಸಾಮ್ಯವು ದೇವತೆಯ ಸಾಮ್ಯವಲ್ಲ.

ಹಾಗಾದರೆ ರೋಮನರು ತಮ್ಮ ದೇವತೆಗಳನ್ನು ಹೇಗೆ ಅರಿತಿದ್ದರು? ಗ್ರೀಕರು ದೇವತೆಗಳ ಕಥೆಗಳನ್ನು ಹೇಳಿದರು: ಅವರ ಜನನ, ವಿವಾಹ, ಕಲಹ, ಪ್ರಣಯ. ಪ್ರಾಚೀನ ರೋಮಿನಲ್ಲಿ ಇಂಥ ಕಥೆಗಳು ಅತಿ ವಿರಳ. ಅಲ್ಲಿ ದೇವತೆಯೆಂದರೆ ಒಂದು ಕಾರ್ಯ, ಒಂದು ಸ್ಥಳ, ಒಂದು ದಿನ, ತಪ್ಪಿಲ್ಲದೆ ಉಚ್ಚರಿಸಬೇಕಾದ ಒಂದು ವಾಕ್ಯ. ಸೀರೀಸ್ ಎಂಬ ಧಾನ್ಯದೇವತೆಗೆ ಪೂಜೆ ಸಲ್ಲಿಸುವಾಗ ಅರ್ಚಕನು ಆವಾಹಿಸುತ್ತಿದ್ದ ಹನ್ನೆರಡು ಕಿರುದೇವತೆಗಳ ಹೆಸರುಗಳನ್ನು ಫೇಬಿಯಸ್ ಪಿಕ್ಟರ್ ಎಂಬವನು ಹೇಳಿದನೆಂದು ವರ್ಜಿಲನ ವ್ಯಾಖ್ಯಾನಕಾರನಾದ ಸರ್ವಿಯಸನು ದಾಖಲಿಸಿದ್ದಾನೆ. ಬೀಡುಬಿಟ್ಟ ಹೊಲದ ಮೊದಲ ಉಳುಮೆಗೆ ವರ್ವಾಕ್ಟರ್, ಎರಡನೆಯ ಉಳುಮೆಗೆ ರೆಪರೇಟರ್, ಸಾಲು ತೆಗೆಯುವುದಕ್ಕೆ ಇಂಪೋರ್ಸಿಟರ್, ಬಿತ್ತನೆಗೆ ಇನ್ಸಿಟರ್, ಬಿತ್ತಿದ ಬೀಜವನ್ನು ಮಣ್ಣಿನಿಂದ ಮುಚ್ಚುವುದಕ್ಕೆ ಒಬರೇಟರ್, ಹಲುಬೆ ಹೊಡೆಯುವುದಕ್ಕೆ ಒಕ್ಕೇಟರ್, ಮಣ್ಣು ಸಡಿಲಿಸುವುದಕ್ಕೆ ಸಾರಿಟರ್, ಕಳೆ ಕೀಳುವುದಕ್ಕೆ ಸಬ್‌ರನ್ಸಿನೇಟರ್, ಕೊಯ್ಲಿಗೆ ಮೆಸ್ಸರ್, ಹೊರೆ ಸಾಗಿಸುವುದಕ್ಕೆ ಕನ್ವೆಕ್ಟರ್, ಕಣಜ ತುಂಬುವುದಕ್ಕೆ ಕಾಂಡಿಟರ್, ಕೊನೆಗೆ ಕಣಜದಿಂದ ಕಾಳನ್ನು ಹೊರಕ್ಕೆ ತೆಗೆಯುವುದಕ್ಕೆ ಪ್ರೊಮಿಟರ್. ಒಕ್ಕಲುತನದ ಮನೆಯಲ್ಲಿ ಹುಟ್ಟಿದ ನಮ್ಮ ವಿದ್ಯಾರ್ಥಿಗಳಿಗೆ ಈ ಹೆಸರುಗಳನ್ನು ಓದಿ ಹೇಳಿದರೆ, ಒಲಿಂಪಸ್ ಪರ್ವತದ ವರ್ಣನೆಯಿಂದ ತಿಳಿಯದ ರೋಮು ಕ್ಷಣದಲ್ಲಿ ತಿಳಿಯುತ್ತದೆ. ಗೋಧಿಗೆ ತಗಲುವ ತುಕ್ಕುರೋಗಕ್ಕೂ ರೊಬೈಗಸ್ ಎಂಬ ದೇವತೆಯಿತ್ತು. ಏಪ್ರಿಲ್ 25ರಂದು ಅದಕ್ಕೆ ನಾಯಿಯನ್ನು ಬಲಿಕೊಟ್ಟು ಪೈರನ್ನು ಬಿಡೆಂದು ಬೇಡುತ್ತಿದ್ದರು. ಕೇಟೊ ತನ್ನ ಕೃಷಿಗ್ರಂಥದಲ್ಲಿ, ತೋಪಿನ ಮರಗಳನ್ನು ಕಡಿಯುವ ಮುನ್ನ ಅಲ್ಲಿಯ ದೇವತೆಯನ್ನು ಪ್ರಾರ್ಥಿಸಬೇಕೆಂದು ವಿಧಿಸಿ, ಆ ದೇವತೆ ಗಂಡೋ ಹೆಣ್ಣೋ ತಿಳಿಯದುದರಿಂದ ಎರಡಕ್ಕೂ ಸಲ್ಲುವಂತೆ ಸಂಬೋಧನೆಯನ್ನು ರಚಿಸಿಕೊಟ್ಟಿದ್ದಾನೆ. ಲಿಂಗವೇ ತಿಳಿಯದ ದೇವತೆಗೆ ವಂಶಾವಳಿ ಎಲ್ಲಿಂದ ಬರಬೇಕು?

ಮಾರ್ಸನನ್ನು ಗ್ರೀಕರ ಏರಿಸನ ಎದುರಿಗೆ ಬರೆಯುವುದರಿಂದ ಆಗುವ ನಷ್ಟವು ಎಲ್ಲಕ್ಕಿಂತ ಹೆಚ್ಚಿನದು. ಏರಿಸನು ಹೋಮರನ ಕಾವ್ಯದಲ್ಲಿ ತಂದೆಯಾದ ಸ್ಯೂಸನಿಗೇ ಅಪ್ರಿಯನಾದ ರಕ್ತಪಿಪಾಸು. ಮಾರ್ಸನು ರೋಮ್ಯುಲಸನ ತಂದೆ, ಎಂದರೆ ರೋಮನ್ ಜನಾಂಗದ ಮೂಲಪುರುಷ. ಹಳೆಯ ಪಂಚಾಂಗದಲ್ಲಿ ವರ್ಷದ ಮೊದಲ ತಿಂಗಳು ಅವನ ಹೆಸರಿನದು. ಅವನು ಯುದ್ಧದ ದೇವನೆಂಬುದು ನಿಜ. ಆದರೆ ಅದೇ ಕೇಟೊ ತನ್ನ ಜಮೀನಿನ ಎಲ್ಲೆಯ ಸುತ್ತ ಹಂದಿ, ಕುರಿ, ಹೋರಿ ಈ ಮೂರರ ಎಳೆಯ ಮರಿಕರುಗಳನ್ನು ನಡೆಸಿ ಬಲಿಕೊಡುವಾಗ, ಕಂಡ ರೋಗವನ್ನೂ ಕಾಣದ ರೋಗವನ್ನೂ ತಡೆಯೆಂದು, ಪೈರು ದ್ರಾಕ್ಷಿಗಳನ್ನು ಬೆಳೆಯಿಸೆಂದು, ದನಕಾಯುವವರನ್ನೂ ದನಗಳನ್ನೂ ಕಾಪಾಡೆಂದು ಮೊರೆಯಿಡುವುದು ಮಾರ್ಸ್‌ತಂದೆಗೇ. ಹೊಲದ ಅಂಚಿನಲ್ಲಿ ನಿಂತು ಹೊರಗಿನ ಕೇಡನ್ನು ತಡೆಯುವವನು ಅವನು. ಆ ಕೇಡು ಶತ್ರುಸೈನ್ಯವಾಗಿರಬಹುದು, ಬೆಳೆಯ ರೋಗವಾಗಿರಬಹುದು. ಕೃಷಿಕನೇ ಸೈನಿಕನಾಗಿದ್ದ ಗಣರಾಜ್ಯದಲ್ಲಿ ಈ ಎರಡನ್ನೂ ಒಬ್ಬನಿಗೇ ಒಪ್ಪಿಸಿದುದರಲ್ಲಿ ಆಶ್ಚರ್ಯವಿಲ್ಲ. ಏರಿಸನ ಹೆಸರಿನ ಕೆಳಗೆ ಈ ಮಾರ್ಸನು ಕಾಣದಂತೆ ಮರೆಯಾಗುತ್ತಾನೆ.

ರಾಜ್ಯದ ದೇವತೆಗಳಲ್ಲಿ ಜೂಪಿಟರ್, ಜೂನೊ, ಮಿನರ್ವಾ ಈ ಮೂವರಿಗೆ ಕ್ಯಾಪಿಟೊಲ್ ಗುಡ್ಡದ ಮೇಲಿನ ದೇವಾಲಯವು ಮೀಸಲಾಗಿತ್ತು. ಐತಿಹ್ಯದ ಪ್ರಕಾರ ಅದರ ಪ್ರತಿಷ್ಠೆಯು ಗಣರಾಜ್ಯದ ಮೊದಲ ವರ್ಷವಾದ ಕ್ರಿ. ಪೂ. 509ರಲ್ಲಿ ನಡೆಯಿತು. ಇದಕ್ಕಿಂತ ಹಳೆಯದೊಂದು ತ್ರಯವಿದ್ದಿತೆಂಬುದು ಅರ್ಚಕಪದವಿಗಳಿಂದ ಊಹ್ಯವಾಗಿದೆ. ಫ್ಲಾಮೆನ್ ಎಂಬ ಅರ್ಚಕರಲ್ಲಿ ಅತ್ಯುನ್ನತರಾದ ಮೂವರು ಜೂಪಿಟರ್, ಮಾರ್ಸ್, ಕ್ವಿರೈನಸ್ ಇವರಿಗೆ ಸೇರಿದವರು. ಅವರಲ್ಲಿಯೂ ಜೂಪಿಟರನ ಅರ್ಚಕನ ಜೀವನವು ವಿಲಕ್ಷಣವಾದುದು. ಅವನು ಕುದುರೆಯೇರಬಾರದು, ಸಜ್ಜಿತವಾದ ಸೈನ್ಯವನ್ನು ನೋಡಬಾರದು, ಮೇಕೆಯನ್ನಾಗಲಿ ಅವರೆಯ ಜಾತಿಯ ಕಾಳನ್ನಾಗಲಿ ಮುಟ್ಟಬಾರದು, ಮೈಮೇಲಿನ ಉಡುಪಿನಲ್ಲಿ ಎಲ್ಲಿಯೂ ಗಂಟು ಇರಬಾರದು. ಇಷ್ಟು ನಿಯಮಗಳಿದ್ದ ಮೇಲೆ ಪದವಿಗೆ ಜನ ಸಿಕ್ಕುವುದು ಕಷ್ಟವೆಂದು ಬೇರೆ ಹೇಳಬೇಕಾಗಿಲ್ಲ, ಕ್ರಿ. ಪೂ. 87ರಲ್ಲಿ ತೆರವಾದ ಸ್ಥಾನವು ಎಪ್ಪತ್ತು ವರ್ಷಗಳಿಗೂ ಮೇಲ್ಪಟ್ಟು ಖಾಲಿಯಾಗಿಯೇ ಇದ್ದಿತು. ವೆಸ್ಟಾ ದೇವಿಯ ಗುಡಿಯಲ್ಲಿ ವಿಗ್ರಹವೇ ಇರಲಿಲ್ಲ. ಅಲ್ಲಿ ಉರಿಯುತ್ತಿದ್ದ ಅಗ್ನಿಯೇ ದೇವಿ. ಆರು ಮಂದಿ ಕನ್ಯೆಯರು ತಲಾ ಮೂವತ್ತು ವರ್ಷ ಅದರ ಸೇವೆಯಲ್ಲಿರುತ್ತಿದ್ದರು: ಹತ್ತು ವರ್ಷ ಕಲಿಯುವುದು, ಹತ್ತು ವರ್ಷ ನಡೆಸುವುದು, ಹತ್ತು ವರ್ಷ ಕಲಿಸುವುದು.

ಇಷ್ಟಾದರೂ ಗ್ರೀಕರ ಪ್ರಭಾವವನ್ನು ನಾವು ಅಲ್ಲಗಳೆಯುತ್ತಿಲ್ಲ. ಹೊರಗಿನ ದೇವತೆಗಳನ್ನು ಬರಮಾಡಿಕೊಳ್ಳುವುದರಲ್ಲಿ ರೋಮನರಷ್ಟು ಧಾರಾಳಿಗಳು ವಿರಳ. ಆದರೆ ಅವರ ಧಾರಾಳಕ್ಕೆ ಕಾನೂನಿನ ಕಟ್ಟಿದ್ದಿತು. ಕ್ರಿ. ಪೂ. 396ರಲ್ಲಿ ವೇಯಿ ನಗರವನ್ನು ಮುತ್ತಿದ ಕಮಿಲಸನು ಅಲ್ಲಿಯ ರಾಣಿ ಜೂನೊವನ್ನು ರೋಮಿಗೆ ಬರಬೇಕೆಂದು ಆಹ್ವಾನಿಸಿ ದೇವಾಲಯದ ಹರಕೆ ಹೊತ್ತನು. ಊರು ವಶವಾದ ಬಳಿಕ ಸೈನಿಕನೊಬ್ಬನು ವಿಗ್ರಹವನ್ನು ಬರಲು ಇಷ್ಟವೇ ಎಂದು ಕೇಳಿದಾಗ ಅದು ತಲೆಯಾಡಿಸಿತೆಂದು ಉಳಿದವರು ಕೂಗಿದರಂತೆ. ಲಿವಿ ಈ ಕಥೆಯನ್ನು ಪೂರ್ತಿಯಾಗಿ ನಂಬಿದಂತೆ ತೋರುವುದಿಲ್ಲ. ಕ್ರಿ. ಪೂ. 204ರಲ್ಲಿ ಏಷ್ಯಾಮೈನರಿನಿಂದ ಮಹಾಮಾತೆಯನ್ನು ಕಪ್ಪುಶಿಲೆಯ ರೂಪದಲ್ಲಿ ಸಕಲ ಮರ್ಯಾದೆಯೊಡನೆ ತಂದರು. ಆದರೆ ಆಕೆಯ ಅರ್ಚಕವರ್ಗವನ್ನು ಸೇರಲು ರೋಮನ್ ಪೌರರಿಗೆ ಅನುಮತಿಯಿರಲಿಲ್ಲ. ಕ್ರಿ. ಪೂ. 186ರಲ್ಲಿ ಬ್ಯಾಕಸನ ಗೂಢಪೂಜೆಗಳ ಮೇಲೆ ಸೆನೆಟ್ ಸಭೆಯು ಕಠಿನ ಕ್ರಮ ಕೈಗೊಂಡಾಗಲೂ ದೇವತೆಯನ್ನು ನಿಷೇಧಿಸಲಿಲ್ಲ. ಅನುಮತಿ ಪಡೆದು, ಐವರಿಗೆ ಮೀರದಂತೆ ಕೂಡಿ ಪೂಜಿಸಬಹುದೆಂದಿತು. ಆ ಆಜ್ಞೆಯ ಕಂಚಿನ ಫಲಕವು 1640ರಲ್ಲಿ ದಕ್ಷಿಣ ಇಟಲಿಯಲ್ಲಿ ದೊರೆತು, ಈಗ ವಿಯೆನ್ನಾದಲ್ಲಿದೆ.

ಈಗ ನಮ್ಮ ಪಟ್ಟಿಗೆ ಮರಳೋಣ. ಅದು ಪಾಠ್ಯಪುಸ್ತಕಕಾರರ ಸೃಷ್ಟಿಯಲ್ಲ. ರೋಮನರೇ ಅದನ್ನು ರಚಿಸಿಕೊಂಡರು. ಅದು ಬೀದಿಯಲ್ಲಿ ಸ್ಪಷ್ಟವಾಗಿ ಕಾಣಿಸಿಕೊಂಡ ಸಂದರ್ಭವೂ ನಮಗೆ ತಿಳಿದಿದೆ. ಕ್ರಿ. ಪೂ. 217ರಲ್ಲಿ ಹ್ಯಾನಿಬಲನು ಟ್ರಾಸಿಮೀನ್ ಸರೋವರದ ದಡದಲ್ಲಿ ರೋಮನ್ ಸೈನ್ಯವೊಂದನ್ನು ಕನ್ಸಲನ ಸಮೇತ ನಾಶಮಾಡಿದನು. ಭೀತವಾದ ರಾಜಧಾನಿಯಲ್ಲಿ ಸಿಬಿಲಳ ಗ್ರಂಥಗಳನ್ನು ತೆರೆದು ನೋಡಿದರು. ಅವುಗಳ ಆದೇಶದಂತೆ ಮೂರು ದಿನ ಆರು ಮಂಚಗಳನ್ನು ಹಾಸಿ ಹನ್ನೆರಡು ದೇವತೆಗಳಿಗೆ ಔತಣವನ್ನಿತ್ತರು. ಜೂಪಿಟರ್-ಜೂನೊ, ನೆಪ್ಚೂನ್-ಮಿನರ್ವಾ, ಮಾರ್ಸ್-ವೀನಸ್, ಅಪೊಲೊ-ಡಯಾನಾ, ವಲ್ಕನ್-ವೆಸ್ಟಾ, ಮರ್ಕ್ಯುರಿ-ಸೀರೀಸ್ ಹೀಗೆ ಜೋಡಿಗಳು. ಮಾರ್ಸನ ಪಕ್ಕದಲ್ಲಿ ವೀನಸಳನ್ನು ಕೂರಿಸಿದುದು ಗ್ರೀಕರ ಕಥೆ. ಹಳೆಯ ರೋಮಿನಲ್ಲಿ ಅವರಿಬ್ಬರಿಗೆ ಸಂಬಂಧವಿರಲಿಲ್ಲ. ಜೇನಸನಿಗೂ ಕ್ವಿರೈನಸನಿಗೂ ಮಂಚವಿರಲಿಲ್ಲ. ನಮ್ಮ ಕರಿಹಲಗೆಯ ಪಟ್ಟಿಯ ಬಹುಭಾಗವು ಈ ಭಯದ ದಿನಗಳ ಔತಣದ ಪಂಕ್ತಿಯೇ ಆಗಿದೆ.

ಆದರೆ ಅದೇ ದಿನಗಳಲ್ಲಿ, ಅದೇ ಗ್ರಂಥಗಳ ಆದೇಶದಂತೆ, ಇನ್ನೊಂದು ಕಾರ್ಯವೂ ನಡೆಯಿತು. ಲಿವಿ ಎರಡನ್ನೂ ಒಂದೇ ಅಧ್ಯಾಯದಲ್ಲಿ ಹೇಳಿದ್ದರೂ ಪಾಠ್ಯಪುಸ್ತಕಗಳು ಔತಣವನ್ನು ಹೇಳಿ ಇದನ್ನು ಬಿಡುತ್ತವೆ. ಜನತೆಯ ಅಪ್ಪಣೆಯಿಲ್ಲದೆ ಇಂಥ ಹರಕೆಯನ್ನು ಹೊರುವಂತಿಲ್ಲವೆಂದು ಪ್ರಧಾನ ಪುರೋಹಿತನು ಹೇಳಿದುದರಿಂದ, ಅದನ್ನು ಮಸೂದೆಯಂತೆ ಜನಸಭೆಯ ಮುಂದಿಟ್ಟರು. ಈ ಯುದ್ಧಗಳಲ್ಲಿ ಗಣರಾಜ್ಯವು ಐದು ವರ್ಷ ಕ್ಷೇಮವಾಗಿ ಉಳಿದರೆ, ಒಂದು ವಸಂತದಲ್ಲಿ ಹುಟ್ಟುವ ಹಂದಿ, ಕುರಿ, ಮೇಕೆ, ದನಗಳ ಮರಿಕರುಗಳೆಲ್ಲ ಜೂಪಿಟರನಿಗೆ ಸಲ್ಲತಕ್ಕವು. ಮುಂದೆ ಷರತ್ತುಗಳು: ಸಲ್ಲಬೇಕಾದ ಪ್ರಾಣಿ ತಾನಾಗಿ ಸತ್ತರೆ ದೋಷವಿಲ್ಲ, ಯಾರಾದರೂ ಕದ್ದರೆ ಜನತೆಗೂ ಮಾಲೀಕನಿಗೂ ದೋಷವಿಲ್ಲ, ತಿಳಿಯದೆ ಅಶುಭ ದಿನದಲ್ಲಿ ಬಲಿಕೊಟ್ಟರೂ ಸರಿಯಾಗಿ ಸಂದಂತೆಯೇ ಎಣಿಸತಕ್ಕದ್ದು. ನುರಿತ ವಕೀಲನೊಬ್ಬನು ಬರೆದ ಕರಾರುಪತ್ರದಂತೆ ಇದು ತೋರಿದರೆ ತಪ್ಪಿಲ್ಲ. ಇದರಲ್ಲಿ ಭಕ್ತಿಯಿಲ್ಲವೆಂದು ಹಲವು ವಿದ್ವಾಂಸರು ಮೂಗು ಮುರಿದಿದ್ದಾರೆ. ನಮಗೆ ಹಾಗೆ ತೋರುವುದಿಲ್ಲ. ಐದು ವರ್ಷದ ಗಡುವಿನ ಆ ಹರಕೆಯನ್ನು ರೋಮನರು ತೀರಿಸಿದುದು ಇಪ್ಪತ್ತೊಂದು ವರ್ಷಗಳ ಮೇಲೆ, ಕ್ರಿ. ಪೂ. 195ರಲ್ಲಿ, ವಿಧಿಯಲ್ಲಿ ಲೋಪವಾಯಿತೆಂದು ಪುರೋಹಿತನು ವರದಿಮಾಡಲು, ಮರುವರ್ಷ ಎಲ್ಲವನ್ನೂ ಹೊಸದಾಗಿ ನಡೆಸಿದರು. ಆ ವೇಳೆಗೆ ಹ್ಯಾನಿಬಲನು ಸೋತು ಏಳೆಂಟು ವರ್ಷಗಳಾಗಿದ್ದುವು. ಅಪಾಯ ಕಳೆದ ಮೇಲೆ, ಷರತ್ತುಗಳ ಆಶ್ರಯವಿದ್ದೂ, ಒಂದು ವಸಂತದ ಮಂದೆಯನ್ನು ಎರಡನೆಯ ಸಲ ಸಲ್ಲಿಸಿದವರನ್ನು ಬರಿಯ ವ್ಯವಹಾರಸ್ಥರೆಂದು ತಳ್ಳಿಹಾಕಲಾಗದು.

ಈ ಧರ್ಮದ ಕುರುಹುಗಳು ನಮ್ಮ ನೆಲಕ್ಕೂ ಬಂದಿವೆ. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಆಗಸ್ಟಸ್ ಮತ್ತು ಟೈಬೀರಿಯಸರ ಬೆಳ್ಳಿಯ ದಿನಾರಿಗಳು ಸಿಕ್ಕಿವೆ. ಬೆಂಗಳೂರಿನ ಯಶವಂತಪುರದಲ್ಲಿ 1891ರಲ್ಲಿ ರೋಮನ್ ಬೆಳ್ಳಿ ನಾಣ್ಯಗಳ ನಿಧಿಯೊಂದು ದೊರೆಯಿತು. ದಕ್ಷಿಣ ಭಾರತದಲ್ಲಿ ಹೇರಳವಾಗಿ ಸಿಕ್ಕಿರುವ ಟೈಬೀರಿಯಸನ ಮಾದರಿಯ ಹಿಮ್ಮುಖದಲ್ಲಿ, ಕುಳಿತ ಸ್ತ್ರೀಯೊಬ್ಬಳ ಸುತ್ತ ಪ್ರಧಾನ ಪುರೋಹಿತನೆಂಬ ಅರ್ಥದ ಬಿರುದನ್ನು ಕೆತ್ತಿದ್ದಾರೆ. ಚಕ್ರವರ್ತಿಯು ತನ್ನ ಬಿರುದುಗಳಲ್ಲಿ ಆರಿಸಿಕೊಂಡುದು ಅದನ್ನು. ಅಷ್ಟೇ ಹೇರಳವಾದ ಆಗಸ್ಟಸನ ಮಾದರಿಯಲ್ಲಿ ಅವನ ದತ್ತುಪುತ್ರರಾದ ಗೇಯಸ್ ಮತ್ತು ಲೂಸಿಯಸ್ ಗುರಾಣಿ ಭರ್ಜಿಗಳೊಡನೆ ನಿಂತಿದ್ದಾರೆ. ಅವರ ತಲೆಗಳ ನಡುವೆ ಮೇಲ್ಗಡೆ ಎರಡು ಸಣ್ಣ ಆಕೃತಿಗಳಿವೆ. ಮುಂದಿನ ಸಲ ವಿದ್ಯಾರ್ಥಿಗಳನ್ನು ನಾಣ್ಯಗಳ ಬಳಿಗೆ ಕರೆದೊಯ್ದಾಗ ಭೂತಗನ್ನಡಿಯನ್ನು ಅವುಗಳ ಮೇಲೆ ಹಿಡಿಯಬೇಕು. ಒಂದು, ಪೂಜೆಯಲ್ಲಿ ದ್ರಾಕ್ಷಾರಸವನ್ನು ಎರೆಯುವ ಸೌಟು. ಇನ್ನೊಂದು, ಶಕುನ ನೋಡುವ ಪುರೋಹಿತನು ಆಕಾಶದಲ್ಲಿ ಎಲ್ಲೆಯನ್ನು ಗುರುತಿಸುತ್ತಿದ್ದ ಡೊಂಕುಕೋಲು.