ಇದ್ದತ್ ಮುಗಿದ ಮೇಲೂ ಉಳಿಯುವ ಹಕ್ಕು

ತಲಾಖ್ ಪಡೆದ ಮುಸ್ಲಿಂ ಮಹಿಳೆಗೆ ಮಾಜಿ ಗಂಡ ಎಲ್ಲಿಯವರೆಗೆ ಜೀವನಾಂಶ ಕೊಡಬೇಕು? ಭಾರತದ ನ್ಯಾಯಾಲಯಗಳು ನಾಲ್ಕು ದಶಕಗಳಿಂದ ಈ ಪ್ರಶ್ನೆಗೆ ಮತ್ತೆ ಮತ್ತೆ ಉತ್ತರಿಸುತ್ತ ಬಂದಿವೆ. 1973ರ ದಂಡ ಪ್ರಕ್ರಿಯಾ ಸಂಹಿತೆಯ 125ನೇ ಕಲಂ, ಬದುಕಿಗೆ ಬೇರೆ ದಾರಿಯಿಲ್ಲದ ಹೆಂಡತಿಗೆ ಜೀವನಾಂಶ ಕೇಳುವ ಹಕ್ಕು ಕೊಟ್ಟಿತ್ತು. ವಿಚ್ಛೇದನವಾಗಿ ಮರುಮದುವೆಯಾಗದವಳನ್ನೂ ಹೆಂಡತಿಯೆಂದೇ ಎಣಿಸಿತ್ತು. ಅಲ್ಲಿ ಧರ್ಮದ ಭೇದವಿರಲಿಲ್ಲ. ಆದರೆ ಮೆಹರ್ (ಮದುವೆಯ ಕರಾರಿನಂತೆ ಗಂಡ ಹೆಂಡತಿಗೆ ಕೊಡಬೇಕಾದ ಹಣ) ಸಲ್ಲಿಸಿ, ಇದ್ದತ್ ಅವಧಿಯ ಖರ್ಚು ಕೊಟ್ಟರೆ ವೈಯಕ್ತಿಕ ಕಾನೂನಿನ ಪ್ರಕಾರ ಹೊಣೆ ತೀರಿತು ಎಂಬುದು ಗಂಡಂದಿರ ವಾದ. ಇದ್ದತ್ ಎಂದರೆ ತಲಾಖ್ ನಂತರ ಆಕೆ ಮರುಮದುವೆಯಾಗದೆ ಕಾಯಬೇಕಾದ ಅವಧಿ, ಸಾಮಾನ್ಯವಾಗಿ ಮೂರು ತಿಂಗಳು, ಗರ್ಭಿಣಿಗಾದರೆ ಹೆರಿಗೆಯವರೆಗೆ.

ಈ ವಾದವನ್ನು ನೇರವಾಗಿ ಒರೆಗೆ ಹಚ್ಚಿದ್ದು ಇಂದೋರಿನ ಶಾ ಬಾನೊ ಪ್ರಕರಣ. 1932ರಲ್ಲಿ ವಕೀಲರೊಬ್ಬರನ್ನು ಮದುವೆಯಾಗಿ ಐವರು ಮಕ್ಕಳನ್ನು ಹೆತ್ತ ಆಕೆಯನ್ನು 1975ರಲ್ಲಿ ಮನೆಯಿಂದ ಹೊರಹಾಕಲಾಯಿತು. 1978ರ ಏಪ್ರಿಲ್‌ನಲ್ಲಿ ತಿಂಗಳಿಗೆ 500 ರೂಪಾಯಿ ಕೇಳಿ ಆಕೆ ಮ್ಯಾಜಿಸ್ಟ್ರೇಟರಿಗೆ ಅರ್ಜಿ ಹಾಕಿದರು. ನವೆಂಬರ್‌ನಲ್ಲಿ ಗಂಡ ತಲಾಖ್ ಕೊಟ್ಟು, ಮೆಹರ್ ಎಂದು 3,000 ರೂಪಾಯಿ ಕೋರ್ಟಿನಲ್ಲಿ ಠೇವಣಿಯಿಟ್ಟರು. ಮ್ಯಾಜಿಸ್ಟ್ರೇಟರು ಗೊತ್ತುಮಾಡಿದ್ದು ತಿಂಗಳಿಗೆ 25 ರೂಪಾಯಿ. ನಲವತ್ತಮೂರು ವರ್ಷ ಸಂಸಾರ ಮಾಡಿದವಳಿಗೆ ಸಿಕ್ಕ ಬೆಲೆ ಅಷ್ಟೇ. ಮಧ್ಯಪ್ರದೇಶ ಹೈಕೋರ್ಟ್ ಅದನ್ನು 179 ರೂಪಾಯಿ 20 ಪೈಸೆಗೆ ಏರಿಸಿತು. ಅಷ್ಟನ್ನೂ ಕೊಡಲೊಪ್ಪದೆ ಗಂಡ ಸುಪ್ರೀಂ ಕೋರ್ಟಿಗೆ ಹೋದರು. 1985ರ ಏಪ್ರಿಲ್ 23ರಂದು ಐವರು ನ್ಯಾಯಮೂರ್ತಿಗಳ ಪೀಠ ಮೇಲ್ಮನವಿಯನ್ನು ತಳ್ಳಿಹಾಕಿತು. 125ನೇ ಕಲಂ ಎಲ್ಲ ಧರ್ಮದವರಿಗೂ ಒಂದೇ, ಮೆಹರ್ ಕೊಟ್ಟ ಮಾತ್ರಕ್ಕೆ ಈ ಹೊಣೆ ಕಳಚುವುದಿಲ್ಲ ಎಂದಿತು.

ತೀರ್ಪಿಗೆ ಭಾರಿ ವಿರೋಧ ಎದ್ದಿತು. ರಾಜೀವ್ ಗಾಂಧಿ ಸರ್ಕಾರ 1986ರಲ್ಲಿ ವಿಚ್ಛೇದಿತ ಮುಸ್ಲಿಂ ಮಹಿಳೆಯರಿಗೆ ಪ್ರತ್ಯೇಕ ಕಾಯ್ದೆ ತಂದಿತು. ಇದ್ದತ್ ನಂತರ ಗಂಡ ಪಾರಾಗುತ್ತಾನೆ, ಆಕೆ ಬಂಧುಗಳ ಕಡೆಗೆ, ಅವರಿಗೂ ಆಗದಿದ್ದರೆ ವಕ್ಫ್ ಮಂಡಳಿಯ ಕಡೆಗೆ ನೋಡಬೇಕು ಎಂದೇ ಹಲವರು ಅದನ್ನು ಅರ್ಥೈಸಿದರು. ಸುಪ್ರೀಂ ಕೋರ್ಟಿನಲ್ಲಿ ಶಾ ಬಾನೊ ಪರ ವಾದಿಸಿದ್ದ ಡ್ಯಾನಿಯಲ್ ಲತೀಫಿ ಆ ಕಾಯ್ದೆಯನ್ನೇ ಪ್ರಶ್ನಿಸಿದರು. 2001ರ ಸೆಪ್ಟೆಂಬರ್ 28ರಂದು ಹೊರಬಂದ ತೀರ್ಪನ್ನು ಬರೆದವರು ಕರ್ನಾಟಕ ಹೈಕೋರ್ಟಿನಿಂದ ಹೋಗಿದ್ದ ನ್ಯಾಯಮೂರ್ತಿ ಎಸ್. ರಾಜೇಂದ್ರ ಬಾಬು. ಕಾಯ್ದೆ ಉಳಿಯಿತು, ಆದರೆ ಅದರ ಅರ್ಥ ತಿರುಗಿತು. ಇದ್ದತ್ ಅವಧಿಯೊಳಗೆ ನ್ಯಾಯಯುತ ಏರ್ಪಾಡು ಮಾಡಬೇಕು ಎಂದು ಕಾಯ್ದೆ ಹೇಳುತ್ತದೆ. ಅದು ಹಣ ಕೊಡಲು ಹಾಕಿದ ಗಡುವು, ಇದ್ದತ್‌ಗೆ ಸಾಕಾಗುವಷ್ಟೇ ಕೊಟ್ಟರೆ ಸಾಕೆಂದಲ್ಲ. ಆಕೆಯ ಮುಂದಿನ ಬದುಕಿಗೂ ಸೇರಿಸಿ ಆ ಮೂರು ತಿಂಗಳಲ್ಲೇ ಏರ್ಪಾಡಾಗಬೇಕು ಎಂದು ಪೀಠ ವಿವರಿಸಿತು. ಈ ಓದು ಕಾಯ್ದೆಯನ್ನು ಉಳಿಸಿತು, ಹೆಣ್ಣುಮಕ್ಕಳನ್ನೂ ಕಾಪಾಡಿತು.

ಹಾಗಾದರೆ 125ನೇ ಕಲಮಿನ ದಾರಿ ಮುಚ್ಚಿತೇ? ಇಲ್ಲ ಎಂದು 2009ರಲ್ಲಿ ಶಬಾನಾ ಬಾನೊ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆದರೂ ಅದೇ ತಕರಾರು ತೆಲಂಗಾಣದಿಂದ ಮತ್ತೆ ಬಂತು. ಕೌಟುಂಬಿಕ ನ್ಯಾಯಾಲಯ ವಿಧಿಸಿದ್ದ ತಿಂಗಳ 20,000 ರೂಪಾಯಿಯನ್ನು ಹೈಕೋರ್ಟ್ 10,000ಕ್ಕೆ ಇಳಿಸಿದ್ದರೂ ಗಂಡ ಒಪ್ಪಲಿಲ್ಲ. 2024ರ ಜುಲೈ 10ರಂದು ನ್ಯಾಯಮೂರ್ತಿಗಳಾದ ಬಿ.ವಿ. ನಾಗರತ್ನ ಮತ್ತು ಆಗಸ್ಟೀನ್ ಜಾರ್ಜ್ ಮಸೀಹ್, ಬೇರೆ ಬೇರೆಯಾಗಿ ಬರೆದರೂ ಒಮ್ಮತದಿಂದ, ಎರಡೂ ದಾರಿಗಳು ತೆರೆದಿವೆ ಎಂದರು. ಗೃಹಿಣಿಗೆ ಜಂಟಿ ಖಾತೆಯೂ ಎಟಿಎಂ ಕಾರ್ಡೂ ಕೈಗೆಟುಕಬೇಕು ಎಂದು ನಾಗರತ್ನ ಬರೆದಿದ್ದು ಗಮನಾರ್ಹ. ಜೀವನಾಂಶದ ಕೊರತೆ ಮದುವೆ ಮುರಿಯುವ ಮುಂಚೆಯೇ ಶುರುವಾಗಿರುತ್ತದೆ ಎಂಬ ಅರಿವು ಅದರಲ್ಲಿದೆ.

125ನೇ ಕಲಂ ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 144ನೇ ಕಲಂ ಆಗಿದೆ. ವಿಚ್ಛೇದಿತ ಮಹಿಳೆ ತಾನು ವಾಸವಿರುವ ಊರಿನಲ್ಲೇ ಅರ್ಜಿ ಹಾಕಬಹುದು. ಗಂಡ, ಹೆಂಡತಿ ಇಬ್ಬರೂ ಆಸ್ತಿ, ಆದಾಯ, ಸಾಲಗಳ ಪ್ರಮಾಣಪತ್ರ ಸಲ್ಲಿಸಬೇಕು, ಅರ್ಜಿ ಹಾಕಿದ ದಿನದಿಂದಲೇ ಜೀವನಾಂಶ ಲೆಕ್ಕವಾಗಬೇಕು ಎಂದು 2020ರ ರಜನೇಶ್-ನೇಹಾ ತೀರ್ಪು ಹೇಳಿದೆ. ಮಧ್ಯಂತರ ಅರ್ಜಿಯನ್ನು ಸಾಧ್ಯವಾದಷ್ಟೂ 60 ದಿನದೊಳಗೆ ಮುಗಿಸಬೇಕು. ಸಕಾರಣವಿಲ್ಲದೆ ಹಣ ಕೊಡದಿದ್ದರೆ ಬಾಕಿಯನ್ನು ವಾರಂಟ್ ಹೊರಡಿಸಿ ದಂಡದಂತೆ ವಸೂಲು ಮಾಡಬಹುದು, ಆಮೇಲೂ ಉಳಿದರೆ ಪ್ರತಿ ತಿಂಗಳ ಬಾಕಿಗೆ ಒಂದು ತಿಂಗಳವರೆಗೆ ಜೈಲಿಗೆ ಕಳಿಸಬಹುದು. ಆದರೆ ಈ ವಾರಂಟಿಗಾಗಿ, ಹಣ ಬಾಕಿಯಾದ ದಿನದಿಂದ ಒಂದು ವರ್ಷದೊಳಗೆ ಆಕೆ ಮತ್ತೆ ಅದೇ ನ್ಯಾಯಾಲಯಕ್ಕೆ ಅರ್ಜಿ ಹಾಕಬೇಕು.